ಗೊಂಬೆಯ ದನಿ ರೇಡಿಯೊ ಏರಿದಾಗ

ತುಟಿ ಅಲುಗಿಸದೆ ಗೊಂಬೆಯನ್ನು ಮಾತಾಡಿಸುವ ಕಲಾವಿದರು ದನಿಯನ್ನು ದೂರಕ್ಕೆ ಎಸೆಯುತ್ತಾರೆ ಎಂಬ ನಂಬಿಕೆ ಇನ್ನೂ ಸತ್ತಿಲ್ಲ. ಹೊಟ್ಟೆಯಿಂದ ಮಾತಾಡುತ್ತಾರೆ ಎನ್ನುವವರೂ ಉಂಟು. ಇವರಿಗೆ ಇಂಗ್ಲಿಷಿನಲ್ಲಿರುವ 'ವೆಂಟ್ರಿಲೋಕ್ವಿಸ್ಟ್' ಪದದ ಲ್ಯಾಟಿನ್ ಮೂಲಕ್ಕೂ ಹೊಟ್ಟೆಮಾತಿನವ ಎಂದೇ ಅರ್ಥ. ಪ್ರಾಚೀನ ಗ್ರೀಕರು ಇಂಥವರ ಹೊಟ್ಟೆಯಲ್ಲಿ ಭೂತ ಕೂತು ಭವಿಷ್ಯ ನುಡಿಯುತ್ತದೆ ಎಂದುಕೊಂಡಿದ್ದರು. ಭೂತವೂ ಇಲ್ಲ, ಎಸೆತವೂ ಇಲ್ಲ. ದನಿ ಗಂಟಲಲ್ಲಿ ಹುಟ್ಟಿ ಕಲಾವಿದನ ಬಾಯಿಂದಲೇ ಬರುತ್ತದೆ. ಅದನ್ನು ಗೊಂಬೆಯ ಬಾಯಿಗೆ ಒಯ್ಯುವುದು ನೋಡುವವರ ಮಿದುಳು.

ದಿಕ್ಕು ಹಿಡಿಯುವುದರಲ್ಲಿ ಕಣ್ಣು ಕಿವಿಗಿಂತ ಬಹಳ ಚುರುಕು. ಪಕ್ಕದಿಂದ ಬಂದ ಸದ್ದು ಎರಡು ಕಿವಿಗಳನ್ನು ತಲುಪುವ ಸಮಯದ ಅಂತರ ಸೆಕೆಂಡಿನ ಸಾವಿರದಲ್ಲೊಂದು ಭಾಗಕ್ಕಿಂತಲೂ ಕಡಿಮೆ. ಅಷ್ಟರಲ್ಲೇ ಕಿವಿ ಅಂದಾಜು ಮಾಡಬೇಕು. ಇಬ್ಬರು ಸಾಕ್ಷಿಗಳಲ್ಲಿ ಸ್ಪಷ್ಟವಾಗಿ ನುಡಿಯುವವನ ಮಾತಿಗೆ ತೂಕ ಹೆಚ್ಚು. 2004ರಲ್ಲಿ ಸಂಶೋಧಕರಾದ ಅಲೈಸ್ ಮತ್ತು ಬರ್ ಒಂದು ಪ್ರಯೋಗದಲ್ಲಿ ಬೆಳಕಿನ ಚುಕ್ಕೆಯನ್ನು ಬೇಕೆಂದೇ ತೀರಾ ಮಸುಕು ಮಾಡಿದಾಗ ಕಿವಿಯ ಸಾಕ್ಷ್ಯವೇ ಗೆದ್ದಿತು. ಟಿವಿಯ ಸ್ಪೀಕರ್ ಕೆಳಗೋ ಹಿಂದೋ ಇದ್ದರೂ ಮಾತು ನಟನ ತುಟಿಯಿಂದಲೇ ಬಂದಂತೆ ಕೇಳುವುದು ಅಲ್ಲಿ ಕಣ್ಣಿನ ಸಾಕ್ಷ್ಯ ಸ್ಪಷ್ಟವಾಗಿರುವುದರಿಂದ. ಗೊಂಬೆಯ ದವಡೆ ಮಾತಿಗಿಂತ ತಡವಾಗಿ ಆಡಿತೋ, ಮಾಯೆ ಹರಿಯಿತು.

ಕಲಾವಿದನ ದೊಡ್ಡ ಶತ್ರು ನಮ್ಮ ವರ್ಣಮಾಲೆಯ ಪವರ್ಗ. ತುಸು ನಗುವ ಬಾಯಿ, ಹಲ್ಲುಗಳ ನಡುವೆ ಚೂರು ಸಂದು, ಅಲುಗದ ತುಟಿ: ಹೀಗಿಟ್ಟುಕೊಂಡು ಕ, ತ, ನ, ಲ ಎಲ್ಲವನ್ನೂ ನುಡಿಯಬಹುದು. ಪ, ಬ, ಮ ಬಂದರೆ ತುಟಿ ಮುಚ್ಚಲೇಬೇಕು. ಆಗ ನಾಲಗೆಯನ್ನು ತುಟಿಯ ಕೆಲಸಕ್ಕೆ ಹಚ್ಚುತ್ತಾರೆ: ಪ ಬದಲು ಮೆತ್ತಗೆ ತ, ಬ ಬದಲು ದ, ಮ ಬದಲು ನ. 'ಬಾಳೆಹಣ್ಣು' 'ದಾಳೆಹಣ್ಣು' ಆಗುತ್ತದೆ. ಸುತ್ತಲ ಮಾತಿನ ಸಂದರ್ಭ ಹಿಡಿದು ಕೇಳುಗ ತಾನೇ ತಿದ್ದಿಕೊಳ್ಳುತ್ತಾನೆ. ನಾಲಗೆಯನ್ನು ಹಲ್ಲಿಗೆ ಗಟ್ಟಿಯಾಗಿ ಒತ್ತಿದರೆ ಗುಟ್ಟು ರಟ್ಟು. 'ಮಾವಿನಮರ'ದಂಥ ಪದಗಳನ್ನು ಗೊಂಬೆಗೆ ಕೊಡದೆ ತಾವೇ ಆಡಿಬಿಡುವುದು ಲೇಸು.

ಇಷ್ಟೆಲ್ಲ ಕಣ್ಣಿನ ಆಟವಾದರೆ, ಕಣ್ಣೇ ಇಲ್ಲದ ರೇಡಿಯೊದಲ್ಲಿ? ಹಾಡು, ಹಾಸ್ಯ, ಕಸರತ್ತುಗಳ ಬೆರಕೆಯಾದ ಅಮೆರಿಕದ ವಾಡೆವಿಲ್ ರಂಗದಲ್ಲಿ ಪಳಗಿದ ಎಡ್ಗರ್ ಬರ್ಗೆನ್ 1936ರ ಡಿಸೆಂಬರಿನಲ್ಲಿ ಗಾಯಕ ರೂಡಿ ವ್ಯಾಲಿಯ ಕಾರ್ಯಕ್ರಮಕ್ಕೆ ತನ್ನ ಗೊಂಬೆ ಚಾರ್ಲಿ ಮೆಕಾರ್ಥಿಯ ಜೊತೆ ಬಂದ. 1937ರ ಮೇ ತಿಂಗಳಿಂದ ಒಂದು ಕಾಫಿ ಕಂಪನಿ ಪ್ರಾಯೋಜಿಸಿದ ಭಾನುವಾರದ ಕಾರ್ಯಕ್ರಮದ ಮುಖ್ಯ ಆಕರ್ಷಣೆ ಅವನೇ. ಅವನ ರೇಡಿಯೊ ಬದುಕು 1956ರವರೆಗೂ ನಡೆಯಿತು.

ಆಗಿನ ರೇಡಿಯೊಗೆ ಒಂದೇ ಸ್ಪೀಕರು. ಎರಡೂ ದನಿ ಒಂದೇ ತೂತಿನಿಂದ ಬರುವಾಗ ದಿಕ್ಕಿನ ಪ್ರಶ್ನೆಯೇ ಏಳದು. ಆಳ ನಿಧಾನ ದನಿಯ ಬರ್ಗೆನ್, ಚುರುಕು ಎತ್ತರ ದನಿಯ ಚಾರ್ಲಿ: ಶ್ರುತಿ, ವೇಗ, ಸ್ವಭಾವ ಬೇರೆಯಾದರೆ ಕೇಳುಗನ ಮನಸ್ಸಿನಲ್ಲಿ ಇಬ್ಬರು ನಿಲ್ಲುತ್ತಾರೆ. ಬರ್ಗೆನ್‌ನ ತುಟಿ ಆಡುತ್ತಿತ್ತು. ಚಾರ್ಲಿಯೇ ಅದನ್ನು ಹಿಡಿದು ಅವನನ್ನು ಕಾಡುತ್ತಿದ್ದ. ಮನೆಯಲ್ಲಿ ಕೂತವರಿಗೆ ಅದು ಲೆಕ್ಕಕ್ಕೇ ಇರಲಿಲ್ಲ. ಬರ್ಗೆನ್‌ನ ನಿಜವಾದ ಪ್ರತಿಭೆ ಒಂದೇ ಗಂಟಲಲ್ಲಿ ಇಬ್ಬರ ಬುದ್ಧಿಯನ್ನು ಇಟ್ಟುಕೊಂಡದ್ದು, ತುಟಿ ಬಿಗಿಹಿಡಿದದ್ದಲ್ಲ.

ಬ್ರಿಟನ್ನಿನಲ್ಲಿ ಪೀಟರ್ ಬ್ರೋ ಇದೇ ಹಾದಿ ಹಿಡಿದ. ಗೊಂಬೆ ಆರ್ಚಿ ಆಂಡ್ರೂಸ್ 1950ರಿಂದ ಬಿಬಿಸಿ ರೇಡಿಯೊದಲ್ಲಿ ಮನೆಮಾತಾದ. ಆಮೇಲೆ ಟಿವಿ ಬಂತು, ಕ್ಯಾಮೆರಾ ಮುಖದ ಹತ್ತಿರ ಸರಿಯಿತು, ಪವರ್ಗ ಬಂದಾಗಲೆಲ್ಲ ಬ್ರೋನ ತುಟಿ ಆಡುವುದು ಎಲ್ಲರಿಗೂ ಕಂಡಿತು.