ದಾಸೋಹ: ‘ಸೋಹಂ’ ಮುಂದೆ ಒಂದು ‘ದಾ’

ಕೊಪ್ಪಳದ ಗವಿಮಠದ ಜಾತ್ರೆಯಲ್ಲಿ ಯಾರನ್ನಾದರೂ ನಿಲ್ಲಿಸಿ ‘ದಾಸೋಹ ಎಲ್ಲೈತ್ರಿ?’ ಅಂತ ಕೇಳಿ. ಕೈ ಮಾಡಿ ಊಟದ ಚಪ್ಪರ ತೋರಿಸುತ್ತಾರೆ. ನಮ್ಮ ಕಡೆ ದಾಸೋಹ ಅಂದರೆ ಒಂದು ಜಾಗ. ಒಂದು ಹೊತ್ತೂ ಹೌದು: ‘ದಾಸೋಹದ ಟೈಮಿಗೆ ಬರ್ರಿ’. ಬೆಂಗಳೂರಿನಿಂದ ಬಂದಿದ್ದ ಗೆಳೆಯನೊಬ್ಬ ಸಾಲು ನೋಡಿ ಕೇಳಿದ: ‘ಅಂದ್ರೆ ಫ್ರೀ ಊಟ, ಅಲ್ವಾ?’ ಹೌದು ಅಂದುಬಿಟ್ಟೆ. ಆಮೇಲೆ ಎರಡು ದಿನ ಅದೇ ಮಾತು ತಲೆಯಲ್ಲಿ ಕೊರೆಯುತ್ತಿತ್ತು. ಅವನು ತಪ್ಪೇನೂ ಹೇಳಿರಲಿಲ್ಲ. ಅಲ್ಲಿ ಯಾರೂ ದುಡ್ಡು ಕೇಳುವುದಿಲ್ಲ. ಆದರೆ ಆ ಪದವನ್ನು ಬಿಡಿಸಿ ನೋಡಿದರೆ ಒಳಗೆ ಊಟವೂ ಸಿಗುವುದಿಲ್ಲ, ಫ್ರೀಯೂ ಸಿಗುವುದಿಲ್ಲ. ಸಿಗುವುದು ‘ನಾನು’.

ದಾಸಃ ಅಂದರೆ ಆಳು. ಅಹಂ ಅಂದರೆ ನಾನು. ಎರಡೂ ಸೇರಿದರೆ ದಾಸೋಹಂ, ‘ನಾನು ಆಳು’. ಪೂರ್ತಿ ಒಂದು ವಾಕ್ಯ ಅದು. ಕನ್ನಡಕ್ಕೆ ಬಂದು, ಬಾಯಿಂದ ಬಾಯಿಗೆ ಸವೆದು, ಕೊನೆಯ ಸೊನ್ನೆ ಉದುರಿಸಿಕೊಂಡು ನಾಮಪದವಾಯಿತು. ‘ಅವನಿಗೆ ಅಹಂ ಜಾಸ್ತಿ’ ಅನ್ನುತ್ತೇವಲ್ಲ, ಆ ಅಹಂನ ಸೊನ್ನೆಯೂ ಇದೇ. ಅದು ಸುಮ್ನೆ ಉದುರಿಲ್ಲ, ಬೇಕಂತಲೇ ಉದುರಿದೆ ಅಂತ ನಾನು ತಮಾಷೆ ಮಾಡುವುದುಂಟು. ವ್ಯಾಕರಣದವರು ಒಪ್ಪುವುದಿಲ್ಲ ಬಿಡಿ.

ಇದಕ್ಕೊಬ್ಬ ಅಣ್ಣ ಇದ್ದಾನೆ: ಸೋಹಂ. ಸಃ ಅಹಂ, ಅಂದರೆ ಅವನೇ ನಾನು. ಈಶಾವಾಸ್ಯ ಉಪನಿಷತ್ತಿನಲ್ಲಿ ಸೂರ್ಯನ ಮುಂದೆ ನಿಂತವನು ‘ಅಲ್ಲಿರುವ ಪುರುಷ ಯಾರೋ ಅವನೇ ನಾನು’ ಅನ್ನುತ್ತಾನೆ. ತನ್ನನ್ನು ತಾನು ಹುಡುಕಿಕೊಂಡು ಹೊರಟವನು ಕೊನೆಗೆ ಆಡುವ ಮಾತು ಅದು. ಯೋಗದವರು ಅದನ್ನು ಉಸಿರಿಗೇ ಕಟ್ಟಿದರು. ಒಳಗೆ ಎಳೆದುಕೊಂಡರೆ ಸೋ, ಹೊರಗೆ ಬಿಟ್ಟರೆ ಹಂ.

12ನೇ ಶತಮಾನದಲ್ಲಿ ಬಸವಣ್ಣ ಈ ಎರಡು ಪದಗಳನ್ನು ಎದುರುಬದುರು ನಿಲ್ಲಿಸಿದ. ಸೋಹಂ ಅನ್ನುವುದು ಒಳಗಿನ ಮದ, ಶಿವೋಹಂ ಅನ್ನುವುದು ಹೊರಗಿನ ಮದ, ಇವೆರಡನ್ನೂ ಕಳೆದು ನನ್ನಿಂದ ದಾಸೋಹಂ ಅನ್ನಿಸು ಅಂತ ಕೂಡಲಸಂಗಮನನ್ನು ಬೇಡುತ್ತಾನೆ. ಇದನ್ನು ಓದಿ ಬಸವಣ್ಣ ತನ್ನ ತಾನು ಅರಿಯುವುದನ್ನೇ ಬೇಡ ಅಂದ ಅಂತ ಕೆಲವರು ತಿಳಿಯುತ್ತಾರೆ. ನನಗೆ ಹಾಗೆ ಅನ್ನಿಸುವುದಿಲ್ಲ. ‘ಅವನೇ ನಾನು’ ಅಂತ ಗವಿಯೊಳಗೆ ಒಬ್ಬನೇ ಕೂತೂ ಹೇಳಬಹುದು. ಹೌದೋ ಅಲ್ಲವೋ ಅಂತ ನೋಡುವವರು ಯಾರು? ‘ನಾನು ಆಳು’ ಅನ್ನಬೇಕಾದರೆ ಎದುರಿಗೆ ಇನ್ನೊಬ್ಬ ಇರಲೇಬೇಕು. ಅವನಿಗೆ ಹಸಿವಾಗಿರುತ್ತದೆ. ಅವನ ತಾಟಿನ ಮುಂದೆ ನಿಂತಾಗ ನಿನ್ನ ಅರಿವು ಎಷ್ಟು ಅಂತ ತಾನಾಗೇ ಗೊತ್ತಾಗುತ್ತದೆ.

ಅಂದಹಾಗೆ ದಾಸೋಹಂ ಅನ್ನುವ ಮಾತು ಬಸವಣ್ಣನಿಗಿಂತ ಬಹಳ ಹಳೆಯದು. ವಾಲ್ಮೀಕಿ ರಾಮಾಯಣದ ಸುಂದರಕಾಂಡದಲ್ಲಿ ಹನುಮಂತ ಲಂಕೆಯ ರಾಕ್ಷಸರ ನಡುವೆ ನಿಂತು ‘ದಾಸೋಹಂ ಕೋಸಲೇಂದ್ರಸ್ಯ’ ಅಂತ ಕೂಗುತ್ತಾನೆ, ನಾನು ರಾಮನ ಆಳು ಅಂತ. ಅವನು ಹುಟ್ಟಿದ್ದು ನಮ್ಮ ಆನೆಗೊಂದಿ ಹತ್ತಿರದ ಅಂಜನಾದ್ರಿಯಲ್ಲಿ ಅಂತ ಇಲ್ಲಿನವರ ನಂಬಿಕೆ. ಹಾಗೆ ನೋಡಿದರೆ ಪದ ನಮ್ಮ ಊರ ಹುಡುಗನದೇ! ಆದರೆ ಅಲ್ಲಿ ಒಡೆಯ ಒಬ್ಬನೇ, ಅವನು ರಾಜ. ಶರಣರು ಅದೇ ಮಾತನ್ನು ರಾಜನಿಂದ ಕಿತ್ತು ಬಾಗಿಲಿಗೆ ಬಂದವನ ಕಾಲ ಬಳಿ ಇಟ್ಟರು.

ವಚನಗಳಲ್ಲಿ ದಾಸೋಹ ಅಂದರೆ ಬಡವರಿಗೆ ಊಟ ಹಾಕುವುದು ಅಂತ ನೇರ ಅರ್ಥ ಇಲ್ಲ. ತನುವನ್ನು ಗುರುವಿಗೆ, ಮನವನ್ನು ಲಿಂಗಕ್ಕೆ, ಧನವನ್ನು ಜಂಗಮಕ್ಕೆ ಒಪ್ಪಿಸುವುದು ತ್ರಿವಿಧ ದಾಸೋಹ. ಈಗ ನಾವು ಅದೇ ಹೆಸರಲ್ಲಿ ಅನ್ನ, ಅಕ್ಷರ, ಆಶ್ರಯ ಅನ್ನುತ್ತೇವಲ್ಲ, ಅದು ಇತ್ತೀಚಿನದು. ಅರ್ಥ ಹೀಗೆ ಜಾರಿದ್ದಕ್ಕೆ ನನಗೇನೂ ಬೇಸರವಿಲ್ಲ. ಜಂಗಮ ಅಂದರೆ ಚಲಿಸುವವನು. ಹಸಿದವನಿಗಿಂತ ಹೆಚ್ಚು ಚಲಿಸುವವರು ಯಾರಿದ್ದಾರೆ? ಸುಗ್ಗಿ ಮುಗಿದ ಮೇಲೆ ನಮ್ಮ ಜಿಲ್ಲೆಗಳಿಂದ ಗಂಟುಮೂಟೆ ಕಟ್ಟಿಕೊಂಡು ದುಡಿಯಲು ಹೋಗುವವರನ್ನು ರಾತ್ರಿ ಬಸ್‌ಸ್ಟ್ಯಾಂಡಿನಲ್ಲಿ ನೋಡಿ, ಗೊತ್ತಾಗುತ್ತದೆ.

ಈ ಪದದ ಎದೆ ಎಲ್ಲಿದೆ ಅಂತ ಕೇಳಿದರೆ ನಾನು ಲಿಂಗಸುಗೂರು ತಾಲ್ಲೂಕಿನ ಕಡೆ ಕೈ ತೋರಿಸುತ್ತೇನೆ. ಗುರುಗುಂಟಾ ಹತ್ತಿರದ ಅಮರೇಶ್ವರ. ಆಯ್ದಕ್ಕಿ ಮಾರಯ್ಯ, ಲಕ್ಕಮ್ಮ ದಂಪತಿ ಇಲ್ಲಿಂದಲೇ ಬಸವಣ್ಣನಿದ್ದ ಕಲ್ಯಾಣಕ್ಕೆ ಹೋದರು ಅಂತ ಹೇಳುತ್ತಾರೆ. ಅವರ ವಚನಗಳ ಅಂಕಿತದಲ್ಲೂ ಅಮರೇಶ್ವರಲಿಂಗ ಇದೆ. ಮಾರಯ್ಯನ ಕಾಯಕ ಏನು? ಬಸವಣ್ಣನ ಮಹಾಮನೆಯ ಅಂಗಳದಲ್ಲಿ ಚೆಲ್ಲಿದ ಅಕ್ಕಿ ಆಯುವುದು. ಆಯ್ದಷ್ಟು ತಂದರೆ ಲಕ್ಕಮ್ಮ ಅಡಿಗೆ ಮಾಡಿ ಜಂಗಮರಿಗೆ ಬಡಿಸುತ್ತಿದ್ದಳು. ಮಹಾಮನೆಯಲ್ಲಿ ದಿನಾ ಲೆಕ್ಕವಿಲ್ಲದಷ್ಟು ಜನ ಉಣ್ಣುತ್ತಿದ್ದರಂತೆ. ಆ ದೊಡ್ಡ ದಾಸೋಹದ ಕಸದಿಂದ ಇನ್ನೊಂದು ದಾಸೋಹ ನಡೆಯುತ್ತಿತ್ತು!

ಒಂದು ದಿನ ಬಸವಣ್ಣ ಬೇಕಂತಲೇ ಜಾಸ್ತಿ ಅಕ್ಕಿ ಚೆಲ್ಲಿಸಿದ. ಮಾರಯ್ಯ ಖುಷಿಯಿಂದ ಹೆಚ್ಚು ಆಯ್ದು ತಂದ. ಲಕ್ಕಮ್ಮನಿಗೆ ಕಣ್ಣಳತೆಯಲ್ಲೇ ಗೊತ್ತಾಯಿತು. ಬೈದಳು ಅಂದರೆ ಸಣ್ಣ ಮಾತು. ‘ಆಸೆಯೆಂಬುದು ಅರಸಿಂಗಲ್ಲದೆ ಶಿವಭಕ್ತರಿಗುಂಟೆ ಅಯ್ಯಾ?’ ಅಂತ ಶುರು ಮಾಡಿ ‘ಈಸಕ್ಕಿಯಾಸೆ ನಿಮಗೇಕೆ? ಈಶ್ವರನೊಪ್ಪ’ ಅಂದಳು. ಹೆಚ್ಚಾದ ಅಕ್ಕಿ ಬಂದ ದಾರಿಯಲ್ಲೇ ವಾಪಸ್ ಹೋಯಿತು.

ಇಲ್ಲಿ ಗಮನಿಸಬೇಕಾದ ಒಂದು ಮಾತಿದೆ. ಆ ಅಕ್ಕಿ ಅವರ ಹೊಟ್ಟೆಗೆ ಅಂತ ತಂದದ್ದಲ್ಲ. ಇನ್ನೊಬ್ಬರಿಗೆ ಬಡಿಸಲು ತಂದದ್ದು. ನಮ್ಮ ಲೆಕ್ಕದಲ್ಲಿ ಹತ್ತು ಜನಕ್ಕೆ ಬಡಿಸುವ ಬದಲು ನೂರು ಜನಕ್ಕೆ ಬಡಿಸಿದರೆ ಪುಣ್ಯ ಜಾಸ್ತಿ. ಲಕ್ಕಮ್ಮ ಹೇಳುವುದು ಬೇರೆ. ಕೊಡಲಿಕ್ಕೆ ಅಂತ ಕೂಡಿಹಾಕುವುದೂ ಆಸೆಯೇ. ದೊಡ್ಡದಾಗಿ ಕೊಡಬೇಕು ಅನ್ನುವ ಹಂಬಲದಲ್ಲೂ ‘ನಾನು’ ಅಡಗಿ ಕೂತಿರುತ್ತದೆ. ದಾನ ಮತ್ತು ದಾಸೋಹದ ನಡುವಿನ ಗೆರೆಯನ್ನು ಇದಕ್ಕಿಂತ ತೆಳ್ಳಗೆ ಕೊರೆದವರನ್ನು ನಾನು ಓದಿಲ್ಲ. ಗಂಡನ ಅಕ್ಕಿ ಅಳೆದು ಹೇಳಿದ ಮಾತಿದು. ಯಾವ ಪೀಠದ ಮೇಲೆ ಕೂತು ಹೇಳಿದ್ದಲ್ಲ.

ಬೇರೆ ಬೇರೆ ಕಾಲದ ಮಾತುಗಳು ಒಂದೇ ಕಡೆ ಸೇರುವುದು ನೋಡಿದರೆ ಮಜಾ ಅನ್ನಿಸುತ್ತದೆ. ಗವಿಮಠದ ಬೆಟ್ಟದ ಮೇಲೇ ಅಶೋಕನ ಒಂದು ಶಾಸನ ಇದೆ. ದೊಡ್ಡವರಿಗೆ ಮಾತ್ರ ಅಂತಿಲ್ಲ, ಸಣ್ಣವನೂ ಪ್ರಯತ್ನಪಟ್ಟರೆ ಸ್ವರ್ಗ ಪಡೆಯಬಹುದು ಅಂತ ಅದರಲ್ಲಿ ಅರಸನೇ ಹೇಳಿಸಿದ್ದಾನೆ. ಲಕ್ಕಮ್ಮ ಅದನ್ನು ಓದಿರಲಿಕ್ಕಿಲ್ಲ. ಓದಿದ್ದರೆ ಸ್ವರ್ಗದ ಆಸೆ ಯಾಕೆ ಅಂತ ಅವನನ್ನೂ ಕೇಳುತ್ತಿದ್ದಳು.

ಇನ್ನು ಪದದ ಬಳಕೆ. ‘ದಾನ ಕೊಟ್ಟೆ’ ಅನ್ನುತ್ತೇವೆ. ‘ದಾಸೋಹ ಕೊಟ್ಟೆ’ ಅಂದರೆ ಕಿವಿಗೆ ಒರಟಾಗಿ ಕೇಳುತ್ತದೆ. ದಾಸೋಹ ‘ಮಾಡುತ್ತಾರೆ’. ಅದಕ್ಕಿಂತ ಹೆಚ್ಚಾಗಿ ದಾಸೋಹ ‘ನಡೆಯುತ್ತದೆ’. ನಮ್ಮೂರ ಹಿರಿಯರಂತೂ ‘ದಾಸೋಹ ಚಲೋ ಆತು’ ಅಂತಾರೆ, ಮಾಡಿದವರ ಸುದ್ದಿಯೇ ಇಲ್ಲ. ಮಳೆ ಆದ ಹಾಗೆ. ಇದು ಸುಮ್ನೆ ಬಂದ ಅಭ್ಯಾಸ ಅಂತ ನನಗೆ ಅನ್ನಿಸುವುದಿಲ್ಲ. ‘ಮಾಡಿದೆನೆಂಬುದು ಮನದಲ್ಲಿ ಹೊಳೆದಡೆ’ ಶಿವನೇ ಡಂಗುರ ಸಾರಿ ಕಾಡುತ್ತಾನೆ ಅಂತ ಬಸವಣ್ಣ ಎಚ್ಚರಿಸಿದ್ದ. ಜನ ಆ ಎಚ್ಚರವನ್ನು ಕ್ರಿಯಾಪದದಲ್ಲೇ ಕಟ್ಟಿಟ್ಟುಕೊಂಡಿದ್ದಾರೆ. ಈಗೀಗ ಫ್ಲೆಕ್ಸ್ ಬಂದಿದೆ. ‘ದಾಸೋಹ ಸೇವೆ’ ಅಂತ ಬರೆದು ಕೆಳಗೆ ಆಳೆತ್ತರದ ಫೋಟೋ ಹಾಕಿಸುತ್ತಾರೆ. ಆಳೆತ್ತರ ಸರಿ, ಆಳು ಎಲ್ಲಿ?

ಊಟದ ಕೆಲಸಕ್ಕೂ ಬೇರೆ ಮಾತಿದೆ. ಅನ್ನಕ್ಕೆ ಪ್ರಸಾದ ಅಂತಾರೆ. ‘ಪ್ರಸಾದ ಮಾಡ್ರಿ’ ಅಂದರೆ ಉಣ್ಣಿರಿ ಅಂತ. ಕಾಲೇಜಿನಲ್ಲಿದ್ದಾಗ ಒಂದು ಜಾತ್ರೆಯಲ್ಲಿ ಬಡಿಸಲು ನಿಂತಿದ್ದೆ. ಗಡಿಬಿಡಿ. ಬಕೆಟ್ ಹಿಡಿದು ನಿಂತಲ್ಲಿಂದಲೇ ಸಾರು ಸುರಿಯುತ್ತಾ ಹೊರಟೆ. ಪರಿಚಯದ ಮೇಷ್ಟ್ರು ಕಂಡರು, ಅವರಿಗೆ ಮಾತ್ರ ಬಗ್ಗಿ ಎರಡು ಸಲ ಹಾಕಿದೆ. ಹಿಂದಿನಿಂದ ಅಜ್ಜನೊಬ್ಬ ಬಕೆಟ್ ಕಸಿದುಕೊಂಡ. ‘ಎಲ್ಲಾರಿಗೂ ಬಗ್ಗಿ ನೀಡಪಾ. ಇಲ್ಲಾಂದ್ರ ಎಲ್ಲಾರಂಗ ಕುಂತು ಉಣ್ಣು.’ ಕುಂತು ಉಂಡೆ. ಇಷ್ಟೊತ್ತು ಬರೆದ ಸೋಹಂ ದಾಸೋಹಂ ಎಲ್ಲಾ ಅವತ್ತು ಆ ಅಜ್ಜ ಒಂದೇ ಮಾತಲ್ಲಿ ಹೇಳಿ ಮುಗಿಸಿದ್ದ.

ಕುಂತು ಉಣ್ಣುವುದೂ ಎಲ್ಲರಿಗೂ ಸುಲಭವಲ್ಲ. ಮಾನ್ವಿ ಸೀಮೆಯ ಒಂದು ಕಥೆ ಇದೆ. ಬ್ಯಾಗವಾಟದ ಶ್ರೀನಿವಾಸಾಚಾರ್ಯರು ಸಂಸ್ಕೃತದ ದೊಡ್ಡ ಪಂಡಿತರು. ವಿಜಯದಾಸರು ಊಟಕ್ಕೆ ಕರೆದಾಗ, ಕನ್ನಡದಲ್ಲಿ ಹಾಡುವ ದಾಸರ ಪಂಕ್ತಿಗೆ ಏನು ಹೋಗುವುದು ಅಂತ ಹೊಟ್ಟೆನೋವಿನ ನೆಪ ಹೇಳಿದರು. ಆಮೇಲೆ ನಿಜವಾಗಿಯೂ ಹೊಟ್ಟೆನೋವು ಬಂತು. ಕೊನೆಗೆ ವಿಜಯದಾಸರ ಶಿಷ್ಯ ಗೋಪಾಲದಾಸರು ತಮ್ಮ ಆಯುಷ್ಯದಲ್ಲೇ 40 ವರ್ಷ ಕೊಟ್ಟು ಉಳಿಸಿದರು ಅಂತ ಪ್ರತೀತಿ. ಆ ಪಂಡಿತರೇ ಮುಂದೆ ಜಗನ್ನಾಥದಾಸರಾಗಿ ‘ಹರಿಕಥಾಮೃತಸಾರ’ವನ್ನು ಕನ್ನಡದಲ್ಲಿ ಬರೆದರು. ದಾಸರದು ಬೇರೆ ಮತ, ಬೇರೆ ಲೆಕ್ಕ. ಅವರ ‘ದಾಸ’ ಹರಿಯ ದಾಸ. ಆದರೂ ಮದ ಇಳಿದ ಜಾಗ ಮಾತ್ರ ಅದೇ, ಊಟದ ಪಂಕ್ತಿ. ಊರುಗಳಲ್ಲಿ ಇವತ್ತಿಗೂ ಯಾರ ಪಕ್ಕ ಯಾರು ಕೂರುತ್ತಾರೆ ಅಂತ ನೋಡುವ ಕಣ್ಣುಗಳಿವೆ. ಗೋಡೆಯ ಮೇಲೆ ದಾಸೋಹ ಅಂತ ಬರೆದ ಮಾತ್ರಕ್ಕೆ ಅವು ಮುಚ್ಚುವುದಿಲ್ಲ.

ಪದ ಸರ್ಕಾರದ ಕಡತಕ್ಕೂ ಹೋಯಿತು. ಶಾಲೆಯ ಬಿಸಿಯೂಟ ‘ಅಕ್ಷರ ದಾಸೋಹ’ ಅಂತ 2002ರಲ್ಲಿ ಮೊದಲು ಶುರುವಾಗಿದ್ದೇ ರಾಯಚೂರು, ಕೊಪ್ಪಳ, ಬಳ್ಳಾರಿಯೂ ಸೇರಿದ ಏಳು ಜಿಲ್ಲೆಗಳಲ್ಲಿ. ಒಳ್ಳೆಯ ಹೆಸರು. ಮಗು ಬೇಡಿ ಉಣ್ಣುತ್ತಿಲ್ಲ, ಬಡಿಸುವವರೇ ಅದರ ಆಳು ಅಂತ ಆಗುತ್ತದೆ. ಅಷ್ಟು ಯೋಚಿಸಿ ಇಟ್ಟರೋ ಇಲ್ಲವೋ, ಹೆಸರಿನ ಅರ್ಥ ಮಾತ್ರ ಅದೇ.

ಗವಿಮಠದ ಜಾತ್ರೆಗೆ ವಾರಗಟ್ಟಲೆ ಮೊದಲೇ ಸುತ್ತಲಿನ ಹಳ್ಳಿಗಳಲ್ಲಿ ರೊಟ್ಟಿ ಬಡಿಯುವ ಸದ್ದು. ಒಣಗಿಸಿದ ಜೋಳದ ರೊಟ್ಟಿ, ಮಾದಲಿ, ಕಾಳುಕಡಿ ಹೇರಿಕೊಂಡು ಟ್ರ್ಯಾಕ್ಟರ್, ಚಕ್ಕಡಿ ಮೆರವಣಿಗೆಯಲ್ಲಿ ಬರುತ್ತವೆ. ರೊಟ್ಟಿಯ ಲೆಕ್ಕ ಲಕ್ಷಗಳಲ್ಲಿ. ಗೋಡೆ ಕಟ್ಟಿದ ಹಾಗೆ ಒಟ್ಟಿರುತ್ತಾರೆ. ಒಂದು ವರ್ಷ ನಮ್ಮವ್ವ ಓಣಿಯ ಹೆಂಗಸರ ಜೊತೆ ಕೂತು ನೂರು ರೊಟ್ಟಿ ಬಡಿದು ಕಳಿಸಿದ್ದಳು. ಜಾತ್ರೆಗೆ ಹೋದಾಗ ಆ ರಾಶಿಯ ಮುಂದೆ ನಿಂತು ತನ್ನವು ಕಾಣುತ್ತವಾ ಅಂತ ಬಹಳ ಹೊತ್ತು ಹುಡುಕಿದಳು. ಸಿಗಲಿಲ್ಲ. ಸಾಲಿನಲ್ಲಿ ಕೂತ ಮೇಲೆ ತಾಟಿಗೆ ಬಿದ್ದ ರೊಟ್ಟಿಯನ್ನು ತಿರುವಿ ನೋಡಿ, ‘ಯಾರು ಬಡಿದಾರೋ ಏನೋ, ಅಂಚು ದಪ್ಪ ಆಗ್ಯಾವು’ ಅಂದು, ಮುರಿದು ಪಲ್ಯಕ್ಕೆ ಹಚ್ಚಿಕೊಂಡಳು.