ಶಾಲೆ ಮುಗಿದ ಮರುದಿನ

ಶಾಲೆ ಇರುವಷ್ಟು ದಿನ ಎಲ್ಲದಕ್ಕೂ ಒಂದು ಹೊತ್ತು ಅಂತ ಇರುತ್ತದೆ. ಬೆಳಿಗ್ಗೆ ವ್ಯಾನ್ ಬರುತ್ತದೆ, ಟೀಚರ್ ಕಾಯುತ್ತಿರುತ್ತಾರೆ, ಥೆರಪಿಗೆ ವಾರದಲ್ಲಿ ಒಂದು ದಿನ ಗೊತ್ತಾಗಿರುತ್ತದೆ. ಓದು ಮುಗಿದ ಮರುದಿನ ಇದ್ಯಾವುದೂ ಇಲ್ಲ. ಅಂಗವೈಕಲ್ಯ ಇರುವ ಮಕ್ಕಳ ತಂದೆತಾಯಿಗೆ ಆ ದಿನದ ದಿಗಿಲು ಎಷ್ಟೋ ವರ್ಷ ಮೊದಲೇ ಶುರುವಾಗಿರುತ್ತದೆ. 'ಮುಂದೇನು?' ಎಂದು ಯೋಚಿಸುವುದು ಶಾಲೆಯದೂ ಕೆಲಸ ಎಂದು ಅಮೆರಿಕದ ಕಾನೂನು ಕಡ್ಡಾಯ ಮಾಡಿದ್ದು 1990ರಲ್ಲಿ. ಅಲ್ಲಿಗೆ ಬರುವಷ್ಟರಲ್ಲಿ ಒಂದು ತಲೆಮಾರು ಶಾಲೆ ಮುಗಿಸಿಯಾಗಿತ್ತು.

1975ರ ಕಾನೂನು ಆ ದೇಶದಲ್ಲಿ ಇಂಥ ಎಲ್ಲ ಮಕ್ಕಳಿಗೂ ಉಚಿತ ಶಿಕ್ಷಣದ ಹಕ್ಕು ಕೊಟ್ಟಿತು. ಮಕ್ಕಳು ಕಲಿತರು, ಬೆಳೆದರು. ಹೊರಗೆ ಬಂದರೆ ಕೆಲಸವಿಲ್ಲ. ಎಷ್ಟೋ ಜನ ಮನೆಯಲ್ಲೇ ಉಳಿದರು. ಕೆಲವರು ಅವರಿಗೆಂದೇ ಇದ್ದ ವರ್ಕ್‌ಶಾಪುಗಳಿಗೆ ಹೋದರು. ಅಲ್ಲಿ ಕನಿಷ್ಠ ಕೂಲಿಗಿಂತಲೂ ಕಡಿಮೆ ಕೊಡಲು 1938ರ ಕಾನೂನಿನಲ್ಲೇ ಅವಕಾಶವಿತ್ತು.

'ಇವರ ಕೈಲಿ ಆಗಲ್ಲ' ಎಂಬ ಮಾತನ್ನು 1970ರ ದಶಕದಲ್ಲಿ ಮಾರ್ಕ್ ಗೋಲ್ಡ್ ಎಂಬ ಸಂಶೋಧಕರು ಸುಳ್ಳು ಮಾಡಿ ತೋರಿಸಿದರು. ಬೌದ್ಧಿಕ ವೈಕಲ್ಯ ಇದ್ದವರಿಗೆ ಅವರು ಸೈಕಲ್ ಬ್ರೇಕ್ ಜೋಡಿಸುವುದನ್ನು ಕಲಿಸಿದರು. ಒಟ್ಟು 15 ಬಿಡಿಭಾಗ. ಅವನ್ನು ಜೋಡಿಸುವ ಕ್ರಮದಲ್ಲೇ ಸಾಲಾಗಿ ಇಡುತ್ತಿದ್ದರು. ಬಿಡಿಭಾಗದ ಯಾವ ಕಡೆ ಕಲಿಯುವವರತ್ತ ಇರಬೇಕೋ ಆ ಕಡೆಗೆ ಕೆಂಪು ಬಣ್ಣ. ಮಾತು ಕಡಿಮೆ. ಕಲಿಯುವವರು ತಡವರಿಸಿದರೆ 'ಇನ್ನೊಂದು ಥರ ಮಾಡಿ ನೋಡು' ಅಷ್ಟೇ. ಕಲಿಯದಿದ್ದರೆ ಬದಲಾಗಬೇಕಾದದ್ದು ಕಲಿಸುವ ರೀತಿ ಎಂಬುದು ಅವರ ನಂಬಿಕೆ. ಈ ಇಡೀ ಇತಿಹಾಸದಲ್ಲಿ ನನಗೆ ತುಂಬ ಇಷ್ಟವಾಗುವುದು ಇದೇ.

1984ರಲ್ಲಿ ಶಿಕ್ಷಣ ಇಲಾಖೆಯ ಅಧಿಕಾರಿ ಮೆಡೆಲೀನ್ ವಿಲ್ ಶಾಲೆಯಿಂದ ಕೆಲಸಕ್ಕೆ ಸೇತುವೆ ಬೇಕು ಎಂದರು. ಮರುವರ್ಷವೇ ಆಂಡ್ರ್ಯೂ ಹಾಲ್ಪರ್ನ್ ಎಂಬ ಸಂಶೋಧಕರು ತಕರಾರು ತೆಗೆದರು: ಬರೀ ಕೆಲಸ ಸಾಕಾ? ಇರಲು ಮನೆ, ಜೊತೆಗೆ ನಾಲ್ಕು ಜನ ಬೇಡವಾ? ಅವರ ಮಾತು ನಿಜ ಅಲ್ವಾ? ಸಂಬಳ ಬಂದರೂ ಭಾನುವಾರ ಮಾತಾಡಿಸುವವರೇ ಇಲ್ಲದಿದ್ದರೆ ಅದೆಂಥ ಬದುಕು?

1990ರ ಕಾನೂನು ವಿದ್ಯಾರ್ಥಿಗೆ 16 ವರ್ಷ ಆಗುವುದರೊಳಗೆ ಶಾಲೆಯ ನಂತರದ ಬದುಕಿಗೆ ಯೋಜನೆ ಬೇಕು ಎಂದಿತು. 1997ರಲ್ಲಿ ಅದರ ತಯಾರಿ 14ಕ್ಕೆ ಇಳಿಯಿತು, 2004ರಲ್ಲಿ ಮತ್ತೆ 16ಕ್ಕೆ ಏರಿತು. ಹಾಗೆ ಏರಿಸಿದ್ದು ತಪ್ಪು ಎಂದೇ ನನ್ನ ಅನಿಸಿಕೆ. ಆ ಎರಡು ವರ್ಷ ಸಣ್ಣದಲ್ಲ. ಯೋಜನೆಯ ಸಭೆಗೆ ವಿದ್ಯಾರ್ಥಿಯನ್ನೂ ಕರೆಯಬೇಕು. ಆದರೆ 'ನಿನಗೇನು ಇಷ್ಟ?' ಎಂದು ಕೇಳಿದ ಕೂಡಲೇ ಅಮ್ಮನ ಮುಖ ನೋಡುವ ಮಕ್ಕಳಿದ್ದಾರೆ. ಅಲ್ಲಿಯ ತನಕ ಅವರನ್ನು ಯಾರೂ ಏನೂ ಕೇಳಿರುವುದಿಲ್ಲ. ತನ್ನ ಇಷ್ಟ ಹೇಳಲು ಕಲಿಯುವುದಕ್ಕೂ ವರ್ಷಗಳು ಬೇಕು.

ಇನ್ನೊಂದು ತೊಡಕು ವಯಸ್ಸಿನದು. ಶಾಲೆಯ ಹಕ್ಕು ಹೆಚ್ಚಿನ ರಾಜ್ಯಗಳಲ್ಲಿ 22ರ ಹೊತ್ತಿಗೆ ಮುಗಿಯುತ್ತದೆ. ಆಮೇಲಿನ ನೆರವು ತಾನಾಗಿ ಬರುವುದಿಲ್ಲ. ಬೇರೆ ಕಚೇರಿ, ಬೇರೆ ಅರ್ಜಿ, ಎಷ್ಟೋ ಸಲ ಉದ್ದದ ಸರದಿ. ಅದಕ್ಕೇ 2014ರ ಕಾನೂನು, ಉದ್ಯೋಗ ಪುನರ್ವಸತಿಗೆ (ಅಂಗವೈಕಲ್ಯ ಇರುವವರು ಕೆಲಸ ಹಿಡಿಯಲು ಕೊಡುವ ನೆರವಿಗೆ) ರಾಜ್ಯಗಳಿಗೆ ಬರುವ ಕೇಂದ್ರದ ಹಣದಲ್ಲಿ ಕನಿಷ್ಠ 15% ಅನ್ನು ಇನ್ನೂ ಓದುತ್ತಿರುವವರ ಕೆಲಸದ ತಯಾರಿಗೇ ತೆಗೆದಿಡಬೇಕು ಎಂದಿತು. ಆ ತಯಾರಿಯಲ್ಲಿ ಕೆಲಸದ ಜಾಗಕ್ಕೇ ಹೋಗಿ ಕಲಿಯುವುದೂ ಸೇರಿದೆ. ಬಸ್ ಹತ್ತುವುದನ್ನು ಬಸ್ಸಿನಲ್ಲೇ ಕಲಿಯಬೇಕು, ತರಗತಿಯಲ್ಲಿ ಕುರ್ಚಿ ಸಾಲು ಜೋಡಿಸಿ ಅಲ್ಲ.