ಮುಖ ಕ್ಯಾಮೆರಾಕ್ಕೆ ಕೊಡಿ, ದನಿ ಬಿಟ್ಟುಕೊಡಬೇಡಿ

ಶಿರಸಿಯಲ್ಲಿ ನನ್ನ ಹತ್ತಿರ ನಟನೆ ಕಲಿಯಲು ಬರುವ ಹುಡುಗಿಯರಲ್ಲಿ ಜಾಸ್ತಿ ಜನ ಯಕ್ಷಗಾನದ ಹೆಜ್ಜೆ ಕಲಿತವರು, ಇಲ್ಲವೇ ಶಾಲೆ ನಾಟಕ ಮಾಡಿದವರು. ಅವರಲ್ಲಿ ಒಬ್ಬಳು ಹೆಗ್ಗೋಡಿನ ನೀನಾಸಂ ರಂಗಶಿಕ್ಷಣ ಕೇಂದ್ರಕ್ಕೂ ಹೋಗಿ ಬಂದಳು. 1980ರಲ್ಲಿ ಶುರುವಾದ ಆ ಶಾಲೆ ಹತ್ತಿರದ ಸಾಗರ ತಾಲೂಕಿನಲ್ಲೇ ಇರುವುದು ನಮ್ಮ ಕಡೆಯ ಮಕ್ಕಳ ಪುಣ್ಯ ಅಂತಲೇ ನನಗನ್ನಿಸುತ್ತದೆ.

ಸಿನಿಮಾದಲ್ಲಿ ಅವಕಾಶ ಸಿಕ್ಕಾಗ ಅವಳು ವಾಪಸ್ ನನ್ನ ಹತ್ತಿರ ಬಂದಳು. ನಮ್ಮ ಕಡೆಯ ಯಕ್ಷಗಾನ ಶೈಲಿಯಾದ ಬಡಗುತಿಟ್ಟಿನ ಆಟದಲ್ಲಿ ಕಣ್ಣು, ಹುಬ್ಬು, ಕೈ ಎಲ್ಲವೂ ಕೊನೆಯ ಸಾಲಿನಲ್ಲಿ ಕೂತವರಿಗೂ ಮುಟ್ಟಬೇಕು. ಕ್ಲೋಸಪ್‌ನಲ್ಲಿ ಎಲ್ಲರೂ ಮೊದಲ ಸಾಲಿನವರೇ. ಹುಬ್ಬು ಸ್ವಲ್ಪ ಎತ್ತಿದರೂ ಪರದೆ ತುಂಬ ಅದೇ ಕಾಣುತ್ತದೆ. ಹಾಗಂತ ಸುಮ್ನೆ 'ಕಡಿಮೆ ಮಾಡು' ಅಂದರೆ ಮುಖ ಸತ್ತುಹೋಗುತ್ತದೆ, ಅದಕ್ಕೇ ನಾನು ಕೈಗೆ ಕೆಲಸ ಕೊಡುತ್ತೇನೆ.

ಅವಳನ್ನು ಅಡಿಕೆ ಸುಲಿಯುವ ಮೆಟ್ಟುಗತ್ತಿ ಮುಂದೆ ಕೂರಿಸಿದೆ. ಕಿಟಕಿಯಲ್ಲಿ ಫೋನ್ ಇಟ್ಟೆ. ಅಡಿಕೆ ಸುಲಿಯುತ್ತಾ 'ಆಯಿ, ನಾಳೆ ಹೋಗ್ತಿ' (ಅಮ್ಮಾ, ನಾಳೆ ಹೋಗ್ತೇನೆ) ಅನ್ನಬೇಕು, ಅಷ್ಟೇ. ಗಮನ ಕತ್ತಿಯ ಮೇಲಿದ್ದಾಗ ಮುಖ ತಾನಾಗಿ ಸುಮ್ಮನಾಗುತ್ತದೆ. 'ನಾಳೆ' ಅನ್ನುವಾಗ ಸುಲಿದ ಅಡಿಕೆ ಬುಟ್ಟಿಗೆ ಬಿತ್ತು. ಈಗ ಫೋನ್ ಹತ್ತಿರ ತಂದು ಅದನ್ನೇ ಮತ್ತೆ ಮಾಡಿಸಿದೆ, ಅಡಿಕೆ 'ನಾಳೆ'ಗೇ ಬೀಳಬೇಕು. ದೂರದ ಶಾಟ್‌ಗೂ ಹತ್ತಿರದ ಶಾಟ್‌ಗೂ ಕೈ ಹೊಂದದೇ ಇದ್ದರೆ ಎಡಿಟಿಂಗ್‌ನಲ್ಲಿ ಅವೆರಡನ್ನೂ ಜೋಡಿಸುವುದು ಕಷ್ಟ, ಒಳ್ಳೆಯ ಟೇಕ್ ಕಸಕ್ಕೆ ಹೋಗುತ್ತದೆ. ಒಂದು ವಾರ ಬರೀ ಅಡಿಕೆಯೇ ಆಯಿತು.

ಮೊದಲ ಸಿನಿಮಾದ ಶೂಟಿಂಗ್ ಚೆನ್ನಾಗಿಯೇ ಮುಗಿಯಿತು. ಡಬ್ಬಿಂಗ್‌ಗೆ ಯಾವಾಗ ಬರಲಿ ಅಂತ ಫೋನ್ ಮಾಡಿದರೆ, ಅದು ಆಗಲೇ ಆಗಿಹೋಗಿತ್ತು, ಬೇರೆಯವರ ದನಿಯಲ್ಲಿ. ಅವಳ ಮಾತಿನಲ್ಲಿ ಊರಿನ ರಾಗ ಜಾಸ್ತಿಯಂತೆ. ಪಾತ್ರ ನಮ್ಮದೇ ಜಿಲ್ಲೆಯ ಕಾರವಾರ ಕಡೆಯ ಹುಡುಗಿಯದು! ನನಗೆ ಇವತ್ತಿಗೂ ಆ ಸಿಟ್ಟು ಹೋಗಿಲ್ಲ. ಡಬ್ಬಿಂಗ್‌ನಲ್ಲಿ ದೃಶ್ಯವನ್ನು ತುಂಡು ತುಂಡಾಗಿ ಓಡಿಸುತ್ತಾರೆ, ತುಟಿಗೆ ಮಾತು ಕೂರಿಸುತ್ತಾರೆ. ತುಟಿ ಹೇಗೋ ಹೊಂದುತ್ತದೆ. ಆದರೆ ಮಾತಿಗೆ ಮುಂಚೆ ಎಳೆದುಕೊಂಡ ಉಸಿರು, ಗಂಟಲಲ್ಲೇ ನಿಂತ ಅರ್ಧ ಶಬ್ದ, ಇವೆಲ್ಲ ಆ ಹುಡುಗಿಯದೇ ಅಲ್ವಾ? ಪರದೆ ಮೇಲೆ ಅವಳ ಎದೆ ಏರಿಳಿಯುತ್ತಿತ್ತು, ಉಸಿರಿನ ಸದ್ದೇ ಇರಲಿಲ್ಲ.

ಹಾಗಾಗಿ ಹೊಸಬರಿಗೆ ನಾನು ಮೊದಲು ಕೇಳುವುದು ಸಂಭಾವನೆ ಎಷ್ಟು ಅಂತಲ್ಲ, ಡಬ್ಬಿಂಗ್ ಯಾರದು ಅಂತ. 'ನನ್ನ ಪಾತ್ರಕ್ಕೆ ನನ್ನದೇ ದನಿ' ಅಂತ ಕರಾರಿನಲ್ಲಿ ಒಂದು ಸಾಲು ಬರೆಸಿಕೊಳ್ಳಿ. ಹೊಸಬಳು ಕೇಳಿದರೆ ಏನಂದುಕೊಳ್ಳುತ್ತಾರೋ ಅನ್ನುವ ಹೆದರಿಕೆ ಇರುತ್ತದೆ, ಕೇಳಿ. ಜೊತೆಗೆ ತಯಾರಿಯೂ ಬೇಕು. ನಿಮ್ಮದೇ ವಿಡಿಯೋದ ಸದ್ದು ತೆಗೆದು ತುಟಿ ನೋಡುತ್ತಾ ಮಾತಾಡಿ, ದಿನಾ ಹತ್ತು ನಿಮಿಷ ಸಾಕು. ಸ್ಥಳದಲ್ಲೇ ಧ್ವನಿ ಹಿಡಿಯುವ ಸಿಂಕ್ ಸೌಂಡ್ ಸಿನಿಮಾ ಆದರೆ ಮಾತು ಪೂರ್ತಿ ಬಾಯಿಪಾಠ ಇರಲೇಬೇಕು, ಅಲ್ಲಿ ಪಕ್ಕದಿಂದ ಹೇಳಿಕೊಡಲು ಬರುವುದಿಲ್ಲ.

ಎರಡನೇ ಸಿನಿಮಾದ ಕರಾರಿಗೆ ಆ ಸಾಲು ಸೇರಿಸಲು ಅವಳೇ ಹೇಳಿದಳು. ಯಾರೂ ಬೇಡ ಅನ್ನಲಿಲ್ಲ. ಡಬ್ಬಿಂಗ್ ಮುಗಿದ ರಾತ್ರಿ ಫೋನ್ ಮಾಡಿ, 'ಮೇಷ್ಟ್ರೇ, ಒಂದು ಉಸಿರಿಗೆ ಹನ್ನೊಂದು ಟೇಕ್ ತಗೊಂಡೆ' ಅಂದಳು. ದನಿ ಪೂರ್ತಿ ಕಟ್ಟಿಹೋಗಿತ್ತು.